ತಿಪ್ಪೆ ಎಂದು ಕರೆದ ಸಮಾಧಿಗಳು: ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿಯ ಚಿಪ್ಪಿನ ದಿಬ್ಬಗಳ ಕತೆ

ಕ್ಯಾಲಿಫೋರ್ನಿಯಾದ ಎಮರಿವಿಲ್ ಊರಿನಲ್ಲಿ ಒಂದು ರಸ್ತೆಯ ಹೆಸರು ಶೆಲ್‌ಮೌಂಡ್ ಸ್ಟ್ರೀಟ್. ಅಂದರೆ ಚಿಪ್ಪುದಿಬ್ಬದ ಬೀದಿ. ಈಗ ಅಲ್ಲಿ ದಿಬ್ಬ ಇಲ್ಲ, ಬೇ ಸ್ಟ್ರೀಟ್ ಎಂಬ ದೊಡ್ಡ ಮಾಲ್ ಇದೆ. ಬೇ ಏರಿಯಾದಲ್ಲಿರುವ ನಮ್ಮ ಕನ್ನಡಿಗರಲ್ಲಿ ಎಷ್ಟೋ ಮಂದಿ ಅಲ್ಲಿ ಬಟ್ಟೆ ಕೊಂಡಿರಬಹುದು, ಸಿನಿಮಾ ನೋಡಿರಬಹುದು. ಪ್ರತಿವರ್ಷ ಥ್ಯಾಂಕ್ಸ್‌ಗಿವಿಂಗ್ ಮರುದಿನ, ವ್ಯಾಪಾರ ಜೋರಾಗಿರುವ ಹೊತ್ತಿನಲ್ಲಿ, ಓಲೋನಿ ಮೂಲನಿವಾಸಿಗಳು ಆ ಮಾಲ್ ಮುಂದೆ ನಿಂತು ಬಂದವರಿಗೆ ಒಂದು ಮಾತು ಹೇಳುತ್ತಾ ಬಂದಿದ್ದಾರೆ: ಇದು ನಮ್ಮ ಹಿರಿಯರ ಸಮಾಧಿ, ದಯವಿಟ್ಟು ಇಲ್ಲಿ ಕೊಳ್ಳಬೇಡಿ.

ಸಮಾಧಿಯ ಮೇಲೆ ಅಂಗಡಿ ಹೇಗೆ ಬಂತು? ಉತ್ತರ ಹುಡುಕಿದರೆ ಒಂದು ಪದದ ಹತ್ತಿರ ಬಂದು ನಿಲ್ಲುತ್ತೇವೆ. ತಿಪ್ಪೆ ಎಂಬ ಪದ.

ಕೃಷಿ ಗೊತ್ತಿಲ್ಲದ ಕಾಲದಲ್ಲಿ ಬೇಟೆಯಾಡಿ, ಹೆಕ್ಕಿ ತಂದು ಬದುಕಿದ ಜನ ಕಡಲಂಚಿನಲ್ಲಿ ನೆಲೆಸಿದರೆ ಊಟಕ್ಕೆ ಕೊರತೆ ಇರುತ್ತಿರಲಿಲ್ಲ. ಕುಮಟಾ ಕಡೆ ಅಘನಾಶಿನಿ ಅಳಿವೆಯಲ್ಲಿ ಇಳಿತದ ಹೊತ್ತಿಗೆ ಬಳಚು ಹೆಕ್ಕುವವರನ್ನು ನೋಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ನೀರು ಹಿಂದೆ ಸರಿದರೆ ಸಾಕು, ಕೆಸರಿನಲ್ಲಿ ಊಟ ಸಿಗುತ್ತದೆ. ಒಳಗಿನ ಮಾಂಸ ತಿಂದು ಚಿಪ್ಪು ಬಿಸಾಡುತ್ತಾರೆ. ಒಂದೇ ಜಾಗದಲ್ಲಿ ಸಾವಿರಾರು ವರ್ಷ ಹೀಗೇ ನಡೆದರೆ ಗುಡ್ಡವೇ ಏಳುತ್ತದೆ. ಚಿಪ್ಪಿನಲ್ಲಿರುವ ಸುಣ್ಣ ಮಣ್ಣಿನ ಹುಳಿಯನ್ನು ತಗ್ಗಿಸುತ್ತದೆ. ಹಾಗಾಗಿ ಬೇರೆ ಕಡೆ ಕರಗಿಹೋಗುವ ಎಲುಬು ಅಲ್ಲಿ ಉಳಿಯುತ್ತದೆ. ಮೀನಿನ ಮುಳ್ಳು, ಹಕ್ಕಿಯ ಎಲುಬು, ಒಲೆಯ ಇದ್ದಿಲು, ಎಲುಬಿನ ಸೂಜಿ ಎಲ್ಲ ಪದರ ಪದರವಾಗಿ ಸಿಗುತ್ತವೆ.

ಇಂಥ ದಿಬ್ಬಗಳನ್ನು ಮೊದಲು ಸರಿಯಾಗಿ ಓದಿದವರು ಡೆನ್ಮಾರ್ಕಿನವರು. 1848ರಲ್ಲಿ ಅಲ್ಲಿ ಮೂವರ ಸಮಿತಿ ಕೂತಿತು. ಪ್ರಾಣಿಶಾಸ್ತ್ರದ ಸ್ಟೀನ್‌ಸ್ಟ್ರುಪ್, ಭೂವಿಜ್ಞಾನದ ಫೋರ್ಕ್‌ಹಾಮರ್, ಪುರಾತತ್ವದ ವೋರ್ಸೊ. ತೀರದ ಚಿಪ್ಪಿನ ರಾಶಿಗಳನ್ನು ಹಳೆಯ ಸಮುದ್ರ ಬಿಟ್ಟುಹೋಗಿದೆ ಎಂಬ ನಂಬಿಕೆ ಆಗ ಇತ್ತು. ಇವರು ಗಮನಿಸಿದ್ದು ಬೇರೆ. ಚಿಪ್ಪುಗಳು ಹೆಚ್ಚುಕಡಿಮೆ ಎಲ್ಲವೂ ಬೆಳೆದ ಪ್ರಾಣಿಗಳವು. ನೀರಿನಲ್ಲಿ ಒಟ್ಟಿಗೆ ಬದುಕದ ಜಾತಿಗಳು ಒಂದೇ ರಾಶಿಯಲ್ಲಿದ್ದವು. ನಡುವೆ ಇದ್ದಿಲು, ಕಲ್ಲಿನ ಆಯುಧ. ಇದು ಮನುಷ್ಯರ ಕೆಲಸ ಎಂದು ಖಾತ್ರಿಯಾಯಿತು. ಹಕ್ಕಿಗಳ ಕೆಲವೇ ಕೆಲವು ಎಲುಬುಗಳು ಯಾಕೆ ಉಳಿದಿವೆ ಎಂದು ತಿಳಿಯಲು ಸ್ಟೀನ್‌ಸ್ಟ್ರುಪ್ ನಾಯಿಗಳಿಗೆ ಎಲುಬು ಹಾಕಿ ನೋಡಿದ. ನಾಯಿ ಬಿಟ್ಟ ಭಾಗಗಳೂ ದಿಬ್ಬದಲ್ಲಿ ಸಿಕ್ಕ ಭಾಗಗಳೂ ಒಂದೇ ಆಗಿದ್ದವು! ಆ ಜನ ನಾಯಿ ಸಾಕಿದ್ದರು ಎಂದು ಗೊತ್ತಾದದ್ದು ಹೀಗೆ. ನನಗೆ ಈ ಪ್ರಯೋಗ ತುಂಬಾ ಇಷ್ಟ.

ಅವರು ಇಟ್ಟ ಹೆಸರು ಮಾತ್ರ ಮುಂದೆ ತೊಂದರೆ ಮಾಡಿತು. ಡೇನಿಶ್‌ನಲ್ಲಿ ಕೊಕ್ಕೆನ್‌ಮೊಡಿಂಗ್, ಅಂದರೆ ಅಡುಗೆಮನೆಯ ತಿಪ್ಪೆ. ಡೆನ್ಮಾರ್ಕಿನಲ್ಲೂ ಇದು ಬರೀ ತಿಪ್ಪೆಯೋ, ಜನ ವಾಸಿಸಿದ ಜಾಗವೋ ಎಂಬ ಪ್ರಶ್ನೆ ಇತ್ತು. 1890ರ ದಶಕದಲ್ಲಿ ಎರ್ಟೆಬೋಲೆ ಎಂಬಲ್ಲಿ ಸುಮಾರು 140 ಮೀಟರ್ ಉದ್ದದ ದಿಬ್ಬ ಅಗೆದಾಗ ಒಲೆಗಳು ಸಿಕ್ಕವು, ಸಮಾಧಿಯೂ ಸಿಕ್ಕಿತು. ಅದು ಬರೀ ತಿಪ್ಪೆಯಲ್ಲ, ಜನ ವಾಸಿಸಿದ ಜಾಗ ಎಂದು ಗೊತ್ತಾಯಿತು. ಆದರೆ ಹೆಸರು ಆಗಲೇ ಲೋಕವೆಲ್ಲ ಹರಡಿತ್ತು. ಜಪಾನಿನಲ್ಲಿ 1877ರಲ್ಲಿ ಎಡ್ವರ್ಡ್ ಮೋರ್ಸ್ ಎಂಬ ಅಮೆರಿಕದವನು ರೈಲಿನ ಕಿಟಕಿಯಿಂದ ಒಮೊರಿ ಚಿಪ್ಪುದಿಬ್ಬ ಕಂಡು ಅಗೆದ. ಅಲ್ಲಿನ ಪುರಾತತ್ವ ಶುರುವಾದದ್ದೇ ಅದರಿಂದ.

ಈಗ ಕ್ಯಾಲಿಫೋರ್ನಿಯಾಗೆ ಬರೋಣ. ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿ ಅಷ್ಟೇನೂ ಹಳೆಯದಲ್ಲ. ಹಿಮಯುಗ ಮುಗಿದು ಕಡಲು ಏರಿದಾಗ ಒಂದು ಕಣಿವೆಗೆ ನೀರು ನುಗ್ಗಿ ಅದು ಉಂಟಾಯಿತು. ನೀರು ನಿಂತು ಜವುಗು ಹಬ್ಬಿದ ಮೇಲೆ ಸುತ್ತ ದಿಬ್ಬಗಳು ಎದ್ದವು. ಎಮರಿವಿಲ್ ಪಕ್ಕದ ಬರ್ಕ್ಲಿ ಊರಿನ ದಿಬ್ಬ ಸುಮಾರು 5000 ವರ್ಷ ಹಳೆಯದು. ಎಮರಿವಿಲ್ ದಿಬ್ಬ ಸುಮಾರು 2800 ವರ್ಷಗಳ ಹಿಂದೆ ಶುರುವಾದದ್ದು. ಎತ್ತರ ಮೂವತ್ತು ಅಡಿಗೂ ಜಾಸ್ತಿ, ಮೂರು ಮಹಡಿ ಮನೆಯಷ್ಟು.

1902ರಲ್ಲಿ ಜರ್ಮನಿಯ ಮ್ಯಾಕ್ಸ್ ಊಲೆ ಎಮರಿವಿಲ್ ದಿಬ್ಬವನ್ನು ಅಗೆದು ಹತ್ತು ಪದರ ಗುರುತಿಸಿದ. ಕೆಳಗಿನ ಪದರಗಳಲ್ಲಿ ಆಯ್ಸ್ಟರ್ ಸಿಂಪಿ ಹೆಚ್ಚು, ಮೇಲೆ ಬಂದಂತೆ ಬಳಚಿನಂಥ ಚಿಪ್ಪು ಹೆಚ್ಚು. ಆಯುಧಗಳೂ ಬದಲಾಗಿದ್ದವು. ಇಲ್ಲಿನ ಜನರ ಬದುಕು ಕಾಲಕಾಲಕ್ಕೆ ಬದಲಾಗಿದೆ, ಅವರಿಗೂ ಒಂದು ಇತಿಹಾಸ ಇದೆ ಎಂಬುದು ಅವನ ಮಾತು. ಕ್ಯಾಲಿಫೋರ್ನಿಯಾದ ಮಾನವಶಾಸ್ತ್ರದಲ್ಲಿ ಆಗ ದೊಡ್ಡ ಹೆಸರಾಗಿದ್ದ ಆಲ್ಫ್ರೆಡ್ ಕ್ರೋಬರ್ ಅದನ್ನು ಒಪ್ಪಲಿಲ್ಲ. ಊಲೆಯೇ ಸರಿ ಎಂದು ಮುಂದಿನ ಅಧ್ಯಯನಗಳು ತೋರಿಸಿದವು. ಬಹಳ ಮುಂದೆ, ಅದೇ ದಿಬ್ಬದ ಎಲುಬುಗಳನ್ನು ಎಣಿಸಿ ನೋಡಿದಾಗ ದೊಡ್ಡ ಸ್ಟರ್ಜನ್ ಮೀನಿನ ಪಾಲು ಕಾಲ ಕಳೆದಂತೆ ಕಡಿಮೆಯಾದದ್ದು ಕಂಡಿತು. ಇವರೂ ತಮ್ಮ ಹೊಟ್ಟೆಗಾಗಿ ಸುತ್ತಲಿನ ಪ್ರಕೃತಿಯನ್ನು ಬದಲಿಸಿದ ಮನುಷ್ಯರೇ.

ಊಲೆಯ ನಂತರ ಬಂದವನು ನೆಲ್ಸ್ ನೆಲ್ಸನ್. ಅವನು ಹುಟ್ಟಿದ್ದು ಡೆನ್ಮಾರ್ಕಿನಲ್ಲೇ. 1906ರಿಂದ 1908ರವರೆಗೆ ಕೊಲ್ಲಿಯ ಸುತ್ತ ಅಲೆದು ಸುಮಾರು 425 ದಿಬ್ಬಗಳನ್ನು ನಕ್ಷೆಯಲ್ಲಿ ಗುರುತು ಮಾಡಿದ. ದೊಡ್ಡ ದಿಬ್ಬ ಒಂದೂ ಹಾಳಾಗದೆ ಉಳಿದಿಲ್ಲ ಎಂದು ಆಗಲೇ ಬರೆದ. ಚಿಪ್ಪನ್ನು ರಸ್ತೆಗೆ, ಗೊಬ್ಬರಕ್ಕೆ, ಕೋಳಿಗಳಿಗೆ ಸಾಗಿಸುತ್ತಿದ್ದರು. ಎಮರಿವಿಲ್ ದಿಬ್ಬದ ನೆತ್ತಿಯ ಮೇಲೆ 1870ರ ದಶಕದಿಂದಲೇ ಡ್ಯಾನ್ಸ್ ಮಂಟಪ ಇತ್ತು. ಜನ ಭಾನುವಾರ ಪಿಕ್ನಿಕ್‌ಗೆ ಬರುತ್ತಿದ್ದರು.

1924ರಲ್ಲಿ ಕಾರ್ಖಾನೆಗಾಗಿ ಆ ದಿಬ್ಬವನ್ನು ಸ್ಟೀಮ್ ಯಂತ್ರ ಹಚ್ಚಿ ನೆಲಸಮ ಮಾಡಿದರು. ಎಲ್ಲ ಅಗೆತ ಸೇರಿ ಸುಮಾರು 700 ಸಮಾಧಿ ಸಿಕ್ಕವು. ಮಕ್ಕಳ ಸಮಾಧಿಯೂ ಇದ್ದವು. ಕೆಲವರ ಜೊತೆ ಚಿಪ್ಪಿನ ಮಣಿ ಇಟ್ಟಿದ್ದರು. ತಿಪ್ಪೆಯಲ್ಲಿ ಯಾರಾದರೂ ಮಗುವನ್ನು ಮಣಿ ತೊಡಿಸಿ ಮಲಗಿಸುತ್ತಾರಾ? ಆದರೂ ಅದು ತಿಪ್ಪೆ ಎಂದೇ ಕಾಗದದಲ್ಲಿ ಉಳಿಯಿತು. ಎಲುಬುಗಳು ಬರ್ಕ್ಲಿ ವಿಶ್ವವಿದ್ಯಾಲಯದ ಸಂಗ್ರಹ ಸೇರಿದವು.

ಕೇಳಲು ಯಾರೂ ಇರಲಿಲ್ಲವೇ ಎಂದರೆ, ಇದ್ದರು. ಆದರೆ 1925ರಲ್ಲಿ ಅದೇ ಕ್ರೋಬರ್ ಓಲೋನಿ ಜನ ಅಳಿದುಹೋದಂತೆಯೇ ಎಂದು ಬರೆದ. ಸ್ಪೇನಿನ ಕ್ರೈಸ್ತ ಮಿಷನ್‌ಗಳ ಕಾಲದ ರೋಗ, ದುಡಿಮೆ, ಆಮೇಲಿನ ಹಿಂಸೆ ಎಲ್ಲ ದಾಟಿ ಉಳಿದ ಕುಟುಂಬಗಳು ಅಲ್ಲೇ ಪಕ್ಕದ ಊರುಗಳಲ್ಲಿದ್ದವು. ಪುಸ್ತಕದಲ್ಲಿ ಅಳಿದವರಿಗೆ ಸರ್ಕಾರದ ಪಟ್ಟಿಯಲ್ಲೂ ಜಾಗ ಸಿಗಲಿಲ್ಲ. ಹಿರಿಯರ ಎಲುಬು ಮರಳಿಸಬೇಕೆಂಬ ಕಾನೂನು 1990ರಲ್ಲಿ ಬಂತು. ಅದು ಒಕ್ಕೂಟ ಸರ್ಕಾರ ಗುರುತಿಸಿದ ಬುಡಕಟ್ಟುಗಳಿಗೆ ಅಂತ. ಪಟ್ಟಿಯಲ್ಲೇ ಇಲ್ಲದವರು ಏನು ಮಾಡಬೇಕು? ಈ ಲೇಖನಕ್ಕಾಗಿ ಓದುವಾಗ ನನ್ನನ್ನು ಹೆಚ್ಚು ಕಾಡಿದ್ದು ಇದೇ.

ನಮ್ಮ ಬಳ್ಳಾರಿ ಸೀಮೆಯ ಬೂದಿದಿಬ್ಬಗಳ ಕತೆ ಇದಕ್ಕೆ ತಿರುಗಾಮುರುಗಾ. ಅವು ರಾಕ್ಷಸರನ್ನು ಸುಟ್ಟ ಬೂದಿ ಎಂದು ಜನ ಹೇಳುತ್ತಿದ್ದರು, ದನದ ಸಗಣಿ ಸುಟ್ಟದ್ದು ಎಂದು ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಹೇಳಿದ, ಮುಂದಿನ ಅಗೆತಗಳು ಅದನ್ನೇ ತೋರಿಸಿದವು. ಕ್ಯಾಲಿಫೋರ್ನಿಯಾದಲ್ಲಿ ವಿದ್ವಾಂಸರು ತಿಪ್ಪೆ ಎಂದರು, ಅದು ಸಮಾಧಿ ಎಂದು ಜನರಿಗೆ ಗೊತ್ತಿತ್ತು.

1990ರ ದಶಕದ ಕೊನೆಗೆ ಎಮರಿವಿಲ್‌ನ ಹಳೆಯ ಕಾರ್ಖಾನೆ ಜಾಗ ಶುಚಿ ಮಾಡುವಾಗ ನೆಲದಡಿ ದಿಬ್ಬದ ಬುಡ ಇನ್ನೂ ಇದೆ ಎಂದು ಗೊತ್ತಾಯಿತು. ಮತ್ತೆ ಎಲುಬುಗಳು. ಓಲೋನಿಗಳು ಬೇಡವೆಂದರು. 2002ರಲ್ಲಿ ಮಾಲ್ ತೆರೆಯಿತು. ಮೂಲೆಯಲ್ಲಿ ಒಂದು ಚಿಕ್ಕ ಸ್ಮಾರಕ ಮಾಡಿದರು.

ಅದೇ ನೋವಿನಲ್ಲಿ ಬರ್ಕ್ಲಿಯ ಹೋರಾಟ ಗಟ್ಟಿಯಾಯಿತು. ಅಲ್ಲಿನ ದಿಬ್ಬವೂ ನೆಲಸಮವಾಗಿ ಒಂದು ಭಾಗ 2.2 ಎಕರೆ ಪಾರ್ಕಿಂಗ್ ಜಾಗವಾಗಿತ್ತು. 2000ದಲ್ಲಿ ನಗರ ಅದನ್ನು ಹೆಗ್ಗುರುತು ಎಂದು ಘೋಷಿಸಿತ್ತು. 2018ರಲ್ಲಿ ಜಾಗದ ಮಾಲೀಕರು ಅಲ್ಲಿ 260 ಮನೆಗಳ ಕಟ್ಟಡಕ್ಕೆ ಬೇಗ ಅನುಮತಿ ಕೇಳಿದರು. ಐತಿಹಾಸಿಕ ಕಟ್ಟಡ ಕೆಡವುವಂತಿದ್ದರೆ ಅಂಥ ಅನುಮತಿ ಇಲ್ಲ ಎಂದು ಕಾನೂನು. 2021ರಲ್ಲಿ ಮೇಲ್ಮನವಿ ನ್ಯಾಯಾಲಯ ಕೊಟ್ಟ ತೀರ್ಪಿನ ಸಾರ ಇಷ್ಟು: ನೆಲದಡಿ ಉಳಿದ ಚೂರುಗಳನ್ನು ಕಟ್ಟಡ ಎನ್ನಲು ಆಗುವುದಿಲ್ಲ, ಹಾಗಾಗಿ ಅನುಮತಿ ಕೊಡಬೇಕು. ಹಿಂದೆ ತಿಪ್ಪೆ ಎಂಬ ಪದ ಇವರನ್ನು ಸೋಲಿಸಿತ್ತು, ಈ ಸಲ ಕಟ್ಟಡ ಎಂಬ ಪದ. ಮೊದಲು ದಿಬ್ಬ ಕೆಡವಿದರು, ಆಮೇಲೆ ದಿಬ್ಬ ಇಲ್ಲ ಅಂದರು. ಇದು ಅನ್ಯಾಯ ಅಲ್ವಾ?

ಓಲೋನಿ ಹೆಣ್ಣುಮಗಳು ಕೊರಿನಾ ಗೌಲ್ಡ್ ಮತ್ತು ಜೊತೆಗಾರರು ಬಿಡಲಿಲ್ಲ. 2012ರಲ್ಲಿ ಶುರುವಾದ ಇವರ ಸೊಗೊರಿಯಾ ಟೆ ಭೂ ಟ್ರಸ್ಟನ್ನು ಹೆಂಗಸರೇ ನಡೆಸುತ್ತಾರೆ. ಆ ನೆಲದಲ್ಲಿ ಬದುಕುವ ಬೇರೆಯವರಿಂದ ಟ್ರಸ್ಟ್ ಶೂಮಿ ಎಂಬ ಕಾಣಿಕೆ ಪಡೆಯುತ್ತದೆ. ಕೊಡಲೇಬೇಕೆಂದಿಲ್ಲ, ಮನಸ್ಸಿದ್ದವರು ಕೊಡುತ್ತಾರೆ. 2024ರ ಮಾರ್ಚ್‌ನಲ್ಲಿ ಬರ್ಕ್ಲಿ ನಗರಸಭೆ ಆ ಪಾರ್ಕಿಂಗ್ ಜಾಗ ಕೊಂಡು ಮರಳಿಸಲು ತೀರ್ಮಾನಿಸಿತು. ಬೆಲೆ 2.7 ಕೋಟಿ ಡಾಲರ್. ಅದರಲ್ಲಿ 2.55 ಕೋಟಿ ಟ್ರಸ್ಟ್ ಹಾಕಿತು, ಉಳಿದ 15 ಲಕ್ಷ ನಗರದ್ದು.

ಡಾಂಬರು ಕೀಳುವುದು ಅವರ ಕನಸಿನ ಮೊದಲ ಕೆಲಸ. ನೆಲದಡಿ ಕೊಳವೆಯಲ್ಲಿ ಹೂತುಹೋದ ಸ್ಟ್ರಾಬೆರಿ ತೊರೆಯನ್ನು ಮತ್ತೆ ಬಿಸಿಲಿಗೆ ತರಬೇಕು. ಅದರ ಪಕ್ಕ ಮಣ್ಣಿನ ದಿಬ್ಬವೊಂದನ್ನು ಎಬ್ಬಿಸಿ, ಮೈತುಂಬ ಕ್ಯಾಲಿಫೋರ್ನಿಯಾದ ಕಿತ್ತಳೆ ಬಣ್ಣದ ಪಾಪಿ ಹೂವು ಬೆಳೆಸಬೇಕು ಎಂದಿದ್ದಾರೆ.