ಎಸೆಯುವ ಕೈಯ ಆಯುಷ್ಯ: ಟಾಮಿ ಜಾನ್ ಅವರ 26 ಸೀಸನ್‌ಗಳು

1974ರ ಜುಲೈ 17ರಂದು ಲಾಸ್ ಏಂಜಲೀಸ್‌ನ ಡಾಡ್ಜರ್ ಸ್ಟೇಡಿಯಂನಲ್ಲಿ ಮಾಂಟ್ರಿಯಲ್ ಎಕ್ಸ್‌ಪೋಸ್ ವಿರುದ್ಧ ಪಂದ್ಯ ನಡೆಯುತ್ತಿತ್ತು. ಬೇಸ್‌ಬಾಲ್‌ನಲ್ಲಿ ಪಂದ್ಯದ ಸೋಲು ಗೆಲುವುಗಳನ್ನು ಚೆಂಡು ಎಸೆಯುವ ಪಿಚರ್ ಹೆಸರಿಗೆ ಬರೆಯುವ ರೂಢಿಯಿದೆ. ಡಾಡ್ಜರ್ಸ್‌ನ ಎಡಗೈ ಪಿಚರ್ ಟಾಮಿ ಜಾನ್ ಹೆಸರಿನಲ್ಲಿ ಆ ಸೀಸನ್ನಿನಲ್ಲಿ ಅಲ್ಲಿಯವರೆಗೆ 13 ಗೆಲುವು, 3 ಸೋಲು ಇದ್ದವು. ಒಂದು ಚೆಂಡು ಎಸೆದಾಗ ಮೊಣಕೈಯೊಳಗೆ ಏನೋ ಕಳಚಿ ಹೋದಂತಾಯಿತು. ಮತ್ತೊಂದು ಎಸೆದು ನೋಡಿದರು, ಕೈಗೆ ಬಲವೇ ಬರಲಿಲ್ಲ. ತಾವೇ ಮೈದಾನ ಬಿಟ್ಟು ಹೊರನಡೆದರು. ಆಗ ಅವರಿಗೆ 31 ವರ್ಷ. ಪಿಚರ್‌ಗಳ ಪಾಲಿಗೆ ಅಂಥ ನೋವೆಂದರೆ ಆಟ ಮುಗಿಯಿತೆಂದೇ ಅರ್ಥವಾಗಿದ್ದ ಕಾಲ ಅದು.

ನಾನು ಕ್ರೀಡಾ ಫಿಸಿಯೋಥೆರಪಿಸ್ಟ್. ನನ್ನ ಬಳಿ ಬರುವವರಲ್ಲಿ ಹೆಚ್ಚಿನವರು ಕ್ರಿಕೆಟ್ ಆಡುವವರು, ಜಾವೆಲಿನ್ ಎಸೆಯುವವರು. ಈಚೆಗೆ ಅಮೆರಿಕದಲ್ಲಿ ನೆಲೆಸಿರುವ ಕನ್ನಡದ ತಂದೆತಾಯಿಯರೂ ವಿಡಿಯೋ ಕಾಲ್ ಮಾಡುತ್ತಾರೆ. ಮಗ ಶಾಲೆಯ ತಂಡದಲ್ಲಿ ಪಿಚರ್, ಮೊಣಕೈ ನೋವು ಅನ್ನುತ್ತಾನೆ ಎಂದು ಶುರುವಾಗುವ ಮಾತು ಬಹಳ ಸಲ ಒಂದೇ ಕಡೆ ಬಂದು ನಿಲ್ಲುತ್ತದೆ: "ಟಾಮಿ ಜಾನ್ ಆಪರೇಷನ್ ಮಾಡಿಸಿದರೆ ಮೊದಲಿಗಿಂತ ಜೋರಾಗಿ ಎಸೆಯಬಹುದಂತೆ, ಹೌದಾ ಡಾಕ್ಟ್ರೇ?" ಇಲ್ಲ. ಯಾಕೆ ಇಲ್ಲ ಅನ್ನುವುದಕ್ಕೆ ಈ ಮೊಣಕೈ ಶಸ್ತ್ರಚಿಕಿತ್ಸೆಗೆ ತನ್ನ ಹೆಸರು ಕೊಟ್ಟ ಆ ಆಟಗಾರನ ಬದುಕನ್ನೇ ನೋಡಬೇಕು.

ಇಂಡಿಯಾನಾ ರಾಜ್ಯದ ಟೆರ್ರೆ ಹೋಟ್ ಊರಿನ ಹುಡುಗ. 1961ರಲ್ಲಿ ಕ್ಲೀವ್‌ಲ್ಯಾಂಡ್ ತಂಡದೊಂದಿಗೆ ಒಪ್ಪಂದ, 1963ರಲ್ಲಿ ಮೇಜರ್ ಲೀಗ್‌ಗೆ ಪ್ರವೇಶ. ನಂತರ ಏಳು ವರ್ಷ ಷಿಕಾಗೊ ವೈಟ್ ಸಾಕ್ಸ್, 1972ರಿಂದ ಡಾಡ್ಜರ್ಸ್. ವೇಗದಿಂದ ಹೆದರಿಸುವ ಪಿಚರ್ ಆತ ಯಾವತ್ತೂ ಆಗಿರಲಿಲ್ಲ. ಅವರ ಆಯುಧ ಸಿಂಕರ್: ಬ್ಯಾಟರ್ ಹತ್ತಿರ ಬರುತ್ತಿದ್ದಂತೆ ಕೆಳಗಿಳಿಯುವ ಚೆಂಡು. ಅದನ್ನು ಹೊಡೆದರೆ ನೆಲದ ಮೇಲೆ ಉರುಳುತ್ತದೆ, ಫೀಲ್ಡರ್ ಕೈಗೆ ಸಿಗುತ್ತದೆ. ಈ ವಿವರ ಮುಂದೆ ಬೇಕಾಗುತ್ತದೆ.

ಈಗ ಮೊಣಕೈಗೆ ಬರೋಣ. ಕ್ರಿಕೆಟ್ ಬೌಲರ್ ಮೊಣಕೈಯನ್ನು 15 ಡಿಗ್ರಿಗಿಂತ ಹೆಚ್ಚು ನೆಟ್ಟಗೆ ಮಾಡುವ ಹಾಗಿಲ್ಲ. ಅವನ ವೇಗ ಓಟದಿಂದ, ಮುಂಗಾಲಿನಿಂದ, ಸೊಂಟದಿಂದ ಬರುತ್ತದೆ, ಪೆಟ್ಟೂ ಹೆಚ್ಚಾಗಿ ಬೆನ್ನಿಗೇ ಬೀಳುತ್ತದೆ. ಪಿಚರ್ ನಿಂತಲ್ಲಿಂದ ಎಸೆಯಬೇಕು. ಮೊಣಕೈ ಮಡಚಿ, ಮುಂಗೈಯನ್ನು ಹಿಂದಕ್ಕೆ ಬಾಗಿಸಿ, ಕಣ್ಣೆವೆ ಇಕ್ಕುವಷ್ಟರಲ್ಲಿ ಇಡೀ ತೋಳನ್ನು ಮುಂದಕ್ಕೆ ಚಿಮ್ಮುತ್ತಾನೆ. ಆ ಕ್ಷಣದಲ್ಲಿ ಮೊಣಕೈಯ ಒಳಬದಿ ಬಾಯಿ ಬಿಡಲು ನೋಡುತ್ತದೆ. ಅದನ್ನು ಹಿಡಿದಿಡುವುದು ಮೇಲ್ತೋಳಿನ ಮೂಳೆಯಿಂದ ಮುಂಗೈಯ ಅಲ್ನಾ ಮೂಳೆಗೆ ಕಟ್ಟಿರುವ ಪುಟ್ಟ ಲಿಗಮೆಂಟ್.

ಪ್ರಯೋಗಾಲಯದಲ್ಲಿ ಅಳೆದಾಗ, ವೃತ್ತಿಪರ ಪಿಚರ್‌ನ ಒಂದು ಎಸೆತದಲ್ಲಿ ಮೊಣಕೈಯ ಮೇಲೆ ಸುಮಾರು 64 ನ್ಯೂಟನ್ ಮೀಟರ್ ಸೆಳೆತ ಬೀಳುವುದು ಕಂಡಿದೆ. ಲಿಗಮೆಂಟ್ ಒಂದೇ ಆದರೆ ಅದರ ಅರ್ಧದಷ್ಟಕ್ಕೇ ಹರಿಯುತ್ತದೆ. ಹಾಗಾದರೆ ಪ್ರತಿ ಎಸೆತಕ್ಕೂ ಯಾಕೆ ಹರಿಯುವುದಿಲ್ಲ? ಮುಂಗೈಯ ಒಳಬದಿಯ ಸ್ನಾಯುಗಳು ಉಳಿದ ಭಾರ ಹೊರುವುದರಿಂದ. ದಣಿದ ಸ್ನಾಯು ಹೊರುವುದಿಲ್ಲ, ಆಗ ಇಡೀ ಭಾರ ಲಿಗಮೆಂಟ್ ಮೇಲೆ ಬೀಳುತ್ತದೆ. ಎಸೆಯುವವರ ಮೊಣಕೈ ಬಗ್ಗೆ ನನಗೆ ಗೊತ್ತಿರುವುದರಲ್ಲಿ ಇದಕ್ಕಿಂತ ಮುಖ್ಯವಾದ ಸಂಗತಿ ಇನ್ನೊಂದಿಲ್ಲ.

ಡಾಡ್ಜರ್ಸ್‌ನವರೇ ಆದ ಮಹಾ ಪಿಚರ್ ಸ್ಯಾಂಡಿ ಕೋಫ್ಯಾಕ್ಸ್ ಮೊಣಕೈ ನೋವಿನಿಂದಾಗಿ 1966ರಲ್ಲಿ, ಬರೀ 30ನೇ ವಯಸ್ಸಿನಲ್ಲಿ ನಿವೃತ್ತರಾಗಿದ್ದರು. ಟಾಮಿ ಜಾನ್ ಅವರಿಗೂ ಅದೇ ಗತಿಯಾಗಬೇಕಿತ್ತು. ತಂಡದ ವೈದ್ಯ ಫ್ರ್ಯಾಂಕ್ ಜೋಬ್ ಅದುವರೆಗೆ ಯಾವ ಪಿಚರ್‌ಗೂ ಮಾಡದಿದ್ದ ಶಸ್ತ್ರಚಿಕಿತ್ಸೆಯೊಂದನ್ನು ಮುಂದಿಟ್ಟರು. ಮತ್ತೆ ಆಡುವ ಸಾಧ್ಯತೆ ನೂರಕ್ಕೆ ಒಂದು ಎಂದು ಮುಚ್ಚುಮರೆಯಿಲ್ಲದೆ ಹೇಳಿದರು. ಟಾಮಿ ಜಾನ್ ಒಪ್ಪಿದರು. 1974ರ ಸೆಪ್ಟೆಂಬರ್ 25ರಂದು ಜೋಬ್, ಟಾಮಿ ಜಾನ್ ಅವರ ಬಲಗೈಯಿಂದ ಒಂದು ಟೆಂಡನ್ (ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿ) ತೆಗೆದು, ಎಡ ಮೊಣಕೈಯ ಮೂಳೆಗಳಲ್ಲಿ ರಂಧ್ರ ಕೊರೆದು, ಅವುಗಳ ಮೂಲಕ ಪೋಣಿಸಿ ಹೊಸ ಲಿಗಮೆಂಟ್ ಕಟ್ಟಿದರು.

ಆ ಟೆಂಡನ್ ನಿಮ್ಮ ಕೈಯಲ್ಲಿದೆಯೇ ನೋಡಿಕೊಳ್ಳಬಹುದು. ಹೆಬ್ಬೆರಳು ಮತ್ತು ಕಿರುಬೆರಳ ತುದಿ ಸೇರಿಸಿ ಮಣಿಕಟ್ಟನ್ನು ಸ್ವಲ್ಪ ಒಳಕ್ಕೆ ಬಾಗಿಸಿ. ನಡುವೆ ಹುರಿಯಂತೆ ಎದ್ದು ಕಾಣುವುದೇ ಪಾಲ್ಮಾರಿಸ್ ಲಾಂಗಸ್. ಕೆಲವರಿಗೆ ಅದು ಹುಟ್ಟಿನಿಂದಲೇ ಇರುವುದಿಲ್ಲ. ಇಲ್ಲದಿದ್ದರೂ ಕೈಯ ಕೆಲಸಕ್ಕೆ ಊನವಿಲ್ಲ, ಅದಕ್ಕೇ ಅದನ್ನು ಧೈರ್ಯವಾಗಿ ತೆಗೆಯುತ್ತಾರೆ.

ಶಸ್ತ್ರಚಿಕಿತ್ಸೆ ಮುಗಿದ ಮೇಲೆ ಕಷ್ಟ ಶುರುವಾಯಿತು. ಮೊಣಕೈ ಪಕ್ಕದಲ್ಲೇ ಹಾಯುವ ನರಕ್ಕೆ ತೊಂದರೆಯಾಗಿ ಬೆರಳುಗಳು ಮುದುಡಿಕೊಂಡವು, ಆ ವರ್ಷದ ಡಿಸೆಂಬರ್‌ನಲ್ಲಿ ಎರಡನೇ ಶಸ್ತ್ರಚಿಕಿತ್ಸೆ ಬೇಕಾಯಿತು. 1975ರ ಇಡೀ ಸೀಸನ್ ಆಡಲಿಲ್ಲ. ಹೊಸ ಟೆಂಡನ್‌ಗೆ ರಕ್ತನಾಳಗಳು ಬೆಳೆದು, ಅದು ನಿಧಾನವಾಗಿ ಲಿಗಮೆಂಟಿನ ಗುಣ ಪಡೆಯಬೇಕು. ಕಸಿ ಕಟ್ಟಿದ ಮಾವಿನ ರೆಂಬೆ ಹಿಡಿದುಕೊಳ್ಳಲು ಕಾಯುವ ಹಾಗೆ ಇಲ್ಲೂ ಕಾಯಬೇಕು, ಅವಸರಕ್ಕೆ ಜಾಗವಿಲ್ಲ. ಇವತ್ತಿಗೂ ಪಿಚರ್‌ಗಳು ಮರಳಲು 12ರಿಂದ 18 ತಿಂಗಳು ಬೇಕು. ಆದರೆ ಈಗ ನಮ್ಮ ಬಳಿ ವಾರವಾರಕ್ಕೂ ಬರೆದಿಟ್ಟ ಕ್ರಮವಿದೆ. ಟಾಮಿ ಜಾನ್‌ಗೆ ಮುಂದೆ ಹೋದವರೇ ಯಾರೂ ಇರಲಿಲ್ಲ. ಈ ನೋವು ಸಹಜವೋ ಅಪಾಯವೋ ಎಂದು ಕೇಳಲು ಒಬ್ಬ ಹಳೆಯ ರೋಗಿಯೂ ಇರಲಿಲ್ಲ. ಆ ಒಂಟಿತನವನ್ನು ನೆನೆದಾಗಲೆಲ್ಲ ನನಗೆ ಅವರ ಮೇಲೆ ಗೌರವ ಹೆಚ್ಚುತ್ತದೆ. ದೇಹದ ಚಲನೆಯ ಶಾಸ್ತ್ರ ಓದಿದ್ದ ಸಹ ಆಟಗಾರ ಮೈಕ್ ಮಾರ್ಷಲ್ ಅವರ ನೆರವಿನಿಂದ ಎಸೆಯುವ ರೀತಿಯನ್ನೂ ತಿದ್ದಿಕೊಂಡರು.

1976ರಲ್ಲಿ ಮರಳಿ ಬಂದು 10 ಪಂದ್ಯ ಗೆದ್ದರು. 1977ರಲ್ಲಿ 20. ಯಾಂಕೀಸ್ ತಂಡಕ್ಕೆ ಸೇರಿದ ಮೇಲೆ 1979ರಲ್ಲಿ 21, 1980ರಲ್ಲಿ 22. ನಿವೃತ್ತರಾದದ್ದು 1989ರಲ್ಲಿ, 46ನೇ ವಯಸ್ಸಿನಲ್ಲಿ. ಒಟ್ಟು 288 ಗೆಲುವುಗಳಲ್ಲಿ 164 ಶಸ್ತ್ರಚಿಕಿತ್ಸೆಯ ನಂತರದವು. ಜೋಬ್ ಅವರನ್ನು 2013ರಲ್ಲಿ ಬೇಸ್‌ಬಾಲ್ ಹಾಲ್ ಆಫ್ ಫೇಮ್ ಸನ್ಮಾನಿಸಿತು. ಆಟಗಾರನಿಗೆ ಮಾತ್ರ ಅಲ್ಲಿ ಇನ್ನೂ ಜಾಗ ಸಿಕ್ಕಿಲ್ಲ. ಸಿಗಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಅಷ್ಟು ವರ್ಷ ಆ ಕೈ ಬಾಳಿದ್ದಕ್ಕೆ ಟೆಂಡನ್ ಒಂದೇ ಕಾರಣವಲ್ಲ. ಪ್ರತಿ ಚೆಂಡಿಗೂ ಮೈಯ ಕೊನೆಯ ಹನಿ ಬಲ ಸುರಿಯದೆ, ಸಿಂಕರ್ ನಂಬಿ ಎಸೆದರು. ಇವತ್ತಿನ ಆಟ ಬೇರೆ. ಎಸೆತವೊಂದರ ವೇಗ ಗಂಟೆಗೆ 150 ಕಿಲೋಮೀಟರ್ ದಾಟುವುದು ಮಾಮೂಲಾಗಿದೆ, ಆಯ್ಕೆಗಾರರು ಮೊದಲು ನೋಡುವುದೇ ಅದನ್ನು. ಜಸ್ಟಿನ್ ವರ್ಲ್ಯಾಂಡರ್ 37ನೇ ವಯಸ್ಸಿನಲ್ಲಿ ಈ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು 2022ರಲ್ಲಿ ವರ್ಷದ ಶ್ರೇಷ್ಠ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿ ಗೆದ್ದದ್ದು ನಿಜ. ಆದರೆ 2018ರಲ್ಲಿ ಮಾಡಿಸಿಕೊಂಡ ಶೋಹೆ ಓಟಾನಿ ಅವರಿಗೆ 2023ರಲ್ಲಿ ಅದೇ ಮೊಣಕೈಗೆ ಮತ್ತೆ ಚಾಕು ತಾಗಿಸಬೇಕಾಯಿತು. ಉತ್ತರ ಪ್ರದೇಶದ ಜಾವೆಲಿನ್ ಎಸೆತಗಾರ ರಿಂಕು ಸಿಂಗ್ 2008ರಲ್ಲಿ ಪಿಚರ್‌ಗಳನ್ನು ಹುಡುಕಲು ನಡೆಸಿದ ಪ್ರತಿಭಾ ಸ್ಪರ್ಧೆ ಗೆದ್ದು ಪಿಟ್ಸ್‌ಬರ್ಗ್ ಪೈರೇಟ್ಸ್ ಸೇರಿದ್ದು ನಿಮಗೆ ನೆನಪಿರಬಹುದು. ಅವರಿಗೂ ಇದೇ ಶಸ್ತ್ರಚಿಕಿತ್ಸೆಯಾಯಿತು. ಮೇಜರ್ ಲೀಗ್ ಮುಟ್ಟಲಾಗಲಿಲ್ಲ, ಕೊನೆಗೆ ಕುಸ್ತಿಯ ಕಣಕ್ಕೆ ಹೋದರು.

ವೇಗ ಹೆಚ್ಚುತ್ತದೆ ಎಂಬ ನಂಬಿಕೆ ಹುಟ್ಟಿದ್ದಕ್ಕೂ ಕಾರಣವಿದೆ. ಹದಿನೇಳರ ಹುಡುಗ ಒಂದೂವರೆ ವರ್ಷ ಕಾಲು, ಸೊಂಟ, ಭುಜಗಳಿಗೆ ಶಿಸ್ತಿನಿಂದ ವ್ಯಾಯಾಮ ಮಾಡುತ್ತಾನೆ, ಜೊತೆಗೆ ಮೈಯೂ ಬೆಳೆಯುತ್ತದೆ. ವೇಗ ಬಂದರೆ ಅಲ್ಲಿಂದ ಬಂದದ್ದು. ಆ ವ್ಯಾಯಾಮವನ್ನು ಕೈ ಕೊಯ್ಯಿಸಿಕೊಳ್ಳದೆಯೂ ಮಾಡಬಹುದು.

ಅಲಬಾಮದ ಅಮೆರಿಕನ್ ಸ್ಪೋರ್ಟ್ಸ್ ಮೆಡಿಸಿನ್ ಇನ್‌ಸ್ಟಿಟ್ಯೂಟ್‌ನ ಸಂಶೋಧಕರು 2006ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ವರ್ಷಕ್ಕೆ ಎಂಟು ತಿಂಗಳಿಗಿಂತ ಹೆಚ್ಚು ಸ್ಪರ್ಧೆಗಳಲ್ಲಿ ಎಸೆದ ಹುಡುಗರಿಗೆ ಶಸ್ತ್ರಚಿಕಿತ್ಸೆ ಬೇಕಾಗುವ ಸಂಭವ ಐದು ಪಟ್ಟು ಇತ್ತು. ತೋಳು ದಣಿದ ಮೇಲೂ ಎಸೆಯುವುದು ಅಭ್ಯಾಸವಾಗಿದ್ದವರಲ್ಲಿ 36 ಪಟ್ಟು! ಸ್ನಾಯು ದಣಿದರೆ ಭಾರ ಎಲ್ಲಿಗೆ ಹೋಗುತ್ತದೆಂದು ಮೇಲೆ ಹೇಳಿದೆನಲ್ಲ, ಅದೇ ಇಲ್ಲಿ ಅಂಕಿಯಾಗಿ ಕಾಣುತ್ತಿದೆ.

ಆದ್ದರಿಂದ ಕರೆ ಮಾಡುವ ಅಪ್ಪ ಅಮ್ಮಂದಿರಿಗೆ ನಾನು ಮೊದಲು ಕೇಳುವುದು, ಹುಡುಗ ಎಷ್ಟು ತಂಡಗಳಿಗೆ ಆಡುತ್ತಾನೆ ಎಂದು. ಶಾಲೆಯ ತಂಡ, ಕ್ಲಬ್ ತಂಡ ಎರಡೂ ಇದ್ದರೆ ಎರಡರ ಎಸೆತಗಳನ್ನೂ ಕೂಡಿಸಿ ಒಂದೇ ಪುಸ್ತಕದಲ್ಲಿ ಬರೆಯಿರಿ. ಅಮೆರಿಕದ 'ಪಿಚ್ ಸ್ಮಾರ್ಟ್' ನಿಯಮದ ಪ್ರಕಾರ 11-12ರ ಮಕ್ಕಳಿಗೆ ದಿನಕ್ಕೆ 85 ಎಸೆತ, 13ರಿಂದ 16ರವರಿಗೆ 95 ಮಿತಿ. ಪಿಚರ್ ಆದವನನ್ನು ಅದೇ ಪಂದ್ಯದಲ್ಲಿ ಬ್ಯಾಟರ್ ಹಿಂದೆ ಕೂತು ಚೆಂಡು ಹಿಡಿಯುವ ಕ್ಯಾಚರ್ ಮಾಡಬೇಡಿ, ಕ್ಯಾಚರ್ ಕೂಡ ಉದ್ದಕ್ಕೂ ಚೆಂಡನ್ನು ವಾಪಸ್ ಎಸೆಯುತ್ತಲೇ ಇರುತ್ತಾನೆ. ವರ್ಷದಲ್ಲಿ ನಾಲ್ಕು ತಿಂಗಳು ಪಿಚಿಂಗ್ ಬೇಡ, ಅದರಲ್ಲಿ ಎರಡು ಮೂರು ತಿಂಗಳು ಒಟ್ಟಿಗೇ ಇರಲಿ. ಮೊಣಕೈಯ ಒಳಬದಿ ನೋಯುತ್ತದೆ ಎಂದ ದಿನವೇ ಎಸೆತ ನಿಲ್ಲಿಸಿ ಮೂಳೆ ತಜ್ಞರಿಗೆ ತೋರಿಸಿ. ಹದಿಮೂರರ ಹುಡುಗನಲ್ಲಿ ಲಿಗಮೆಂಟ್‌ಗಿಂತ ಮೊದಲು ಬಿರುಕು ಬಿಡುವುದು ಮೂಳೆ ಬೆಳೆಯುವ ಮೃದು ಭಾಗ. ಸಕಾಲಕ್ಕೆ ಕಂಡರೆ ಅದು ಸಾಮಾನ್ಯವಾಗಿ ಬರೀ ವಿಶ್ರಾಂತಿಯಿಂದಲೇ ವಾಸಿಯಾಗುತ್ತದೆ.