ಪೋಷಕ ನಟನಾಗಲು ಕಲಬುರಗಿ ಬಿಡಲೇಬೇಕೇ?

ಪ್ರಶ್ನೆ: ಕಲಬುರಗಿಯಲ್ಲಿ ಹವ್ಯಾಸಿ ನಾಟಕಗಳಲ್ಲಿ ಅಭಿನಯಿಸುತ್ತೇನೆ. ನಾಯಕನಾಗುವ ಆಸೆ ಇಲ್ಲ. ಅಪ್ಪ, ಗೌಡ, ಪೊಲೀಸ್ ಪೇದೆ, ಯಾವ ಪಾತ್ರವಾದರೂ ಸರಿ. ಇದನ್ನೇ ನಂಬಿ ಬದುಕಲು ಬೆಂಗಳೂರಿನಲ್ಲಿ ನೆಲೆಸಲೇಬೇಕೇ?

ಉತ್ತರ: ಧಾರಾವಾಹಿ ಬೇಕಾದರೆ ಹೌದು. ಸಿನಿಮಾಕ್ಕಾದರೆ ಆರಂಭದಲ್ಲಿ ಅಗತ್ಯವಿಲ್ಲ.

ಸಿನಿಮಾದಲ್ಲಿ ಪೋಷಕ ಪಾತ್ರದ ದೃಶ್ಯಗಳನ್ನು ಸಾಮಾನ್ಯವಾಗಿ ಒಟ್ಟುಗೂಡಿಸಿ ಕೆಲವೇ ದಿನಗಳಲ್ಲಿ ಮುಗಿಸುತ್ತಾರೆ. ದಿನಾಂಕ ಮೊದಲೇ ತಿಳಿದರೆ ಸೊಲ್ಲಾಪುರ–ಹಾಸನ ರೈಲು ಹತ್ತಿ ರಾತ್ರಿ ಮಲಗಿ, ಬೆಳಿಗ್ಗೆ ಯಶವಂತಪುರದಲ್ಲಿ ಇಳಿಯಬಹುದು. ಧಾರಾವಾಹಿ ಹಾಗಲ್ಲ. ಅಲ್ಲಿ ಬರವಣಿಗೆ, ಚಿತ್ರೀಕರಣ, ಪ್ರಸಾರ ಮೂರೂ ಒಂದರ ಬೆನ್ನಿಗೊಂದು ಓಡುತ್ತಿರುತ್ತವೆ. ಕಲಾವಿದರನ್ನು ಕರೆಸುವ ಮ್ಯಾನೇಜರ್ ಸಂಜೆ ಫೋನ್ ಮಾಡಿ ನಾಳೆ ಬೆಳಿಗ್ಗೆ ಸೆಟ್‌ಗೆ ಬನ್ನಿ ಎನ್ನುತ್ತಾರೆ. ಕಲಬುರಗಿಯಲ್ಲಿ ಕುಳಿತವರಿಗೆ ಅದು ಸಿಗುವ ಕೆಲಸವಲ್ಲ. ಸಂಭಾವನೆಯೂ ದಿನದ ಲೆಕ್ಕ. ತಿಂಗಳಿಗೆ ಎಷ್ಟು ದಿನ ಕರೆಯುತ್ತಾರೆ ಎನ್ನುವುದು ಕಥೆಯ ಕೈಯಲ್ಲಿರುತ್ತದೆ. ಟಿಆರ್‌ಪಿ ಬಿದ್ದರೆ ಚಿಕ್ಕಪ್ಪನ ಪಾತ್ರ ಇದ್ದಕ್ಕಿದ್ದಂತೆ ದುಬೈಗೆ ಹೋಗುತ್ತದೆ, ಮರಳಿ ಬರುವುದೇ ಇಲ್ಲ! ದುಡಿದ ಹಣ ಕೈಸೇರುವುದು ತಡ, ಮನೆ ಬಾಡಿಗೆ ಮಾತ್ರ ತಡೆಯುವುದಿಲ್ಲ. ಹಾಗಾಗಿ ಕೈಯಲ್ಲಿ ಒಂದು ಪಾತ್ರವಾದರೂ ಇಲ್ಲದೆ ಊರು ಬಿಡುವುದು ನನಗೆ ಸರಿಕಾಣುವುದಿಲ್ಲ.

ನಮ್ಮ ಭಾಗದವರೇ ಆದ ವೈಜನಾಥ ಬಿರಾದಾರ ಅವರನ್ನು ನೋಡಿ. ಬೀದರ್ ಜಿಲ್ಲೆಯವರು. ಭಿಕ್ಷುಕ, ಕುಡುಕ ಎಂದು ಒಂದೆರಡು ದೃಶ್ಯಗಳ ಪಾತ್ರಗಳಲ್ಲೇ ದಶಕಗಳನ್ನು ಕಳೆದರು. 2010ರಲ್ಲಿ ಗಿರೀಶ ಕಾಸರವಳ್ಳಿಯವರ 'ಕನಸೆಂಬ ಕುದುರೆಯನೇರಿ' ಚಿತ್ರದಲ್ಲಿ ಮುಖ್ಯ ಪಾತ್ರ ದೊರೆಯಿತು. ಅದಕ್ಕೆ ಸ್ಪೇನ್‌ನ ಮ್ಯಾಡ್ರಿಡ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿಯೂ ಬಂತು. 2023ರಲ್ಲಿ ತೆರೆಕಂಡದ್ದು ಅವರ ಐನೂರನೇ ಚಿತ್ರವೆಂದು ಪ್ರಚಾರವಾಯಿತು. ಅಷ್ಟು ಚಿತ್ರಗಳ ನಡುವೆ ಕಾಸರವಳ್ಳಿಯವರ ಚಿತ್ರದಂಥ ಅವಕಾಶ ಎಷ್ಟು ಅಪರೂಪವೆಂದು ನೀವೇ ಅಳೆದುಕೊಳ್ಳಿ.

ನಮ್ಮ ಮಾತಿನ ಧಾಟಿ ಮೊದಲ ಪಾತ್ರವನ್ನು ತಂದುಕೊಡುತ್ತದೆ, ಆಮೇಲೆ ಅದೇ ಅಡ್ಡಗಟ್ಟುತ್ತದೆ. ಒಮ್ಮೆ ಕಲಬುರಗಿ ಕನ್ನಡದಲ್ಲಿ ನಗಿಸಿದಿರೋ, ಮತ್ತೆ ಮತ್ತೆ ಅದೇ ಆಳು, ಅದೇ ಪೇದೆ. ಬೆಂಗಳೂರು–ಮೈಸೂರಿನ ಕನ್ನಡವನ್ನೂ ಸಲೀಸಾಗಿ ಆಡಲು ಈಗಲೇ ರೂಢಿಸಿಕೊಳ್ಳಿ. ಡಬ್ಬಿಂಗ್ ಕೋಣೆಯಲ್ಲಿ ಬೇರೆಯವರ ದನಿ ನಿಮ್ಮ ತುಟಿಗೆ ಕೂರುವುದು ತಪ್ಪುತ್ತದೆ. ಇನ್ನೊಂದು ಬಂಡವಾಳವನ್ನು ನಮ್ಮವರು ಲೆಕ್ಕಕ್ಕೇ ಹಿಡಿಯುವುದಿಲ್ಲ. ಸೇಡಂ, ಗುರುಮಠಕಲ್ ಕಡೆಯ ಅನೇಕರಿಗೆ ತೆಲುಗು ಬರುತ್ತದೆ, ಕಲಬುರಗಿ ಪೇಟೆಯಲ್ಲಿ ಬೆಳೆದವರಿಗೆ ದಖನಿ ಉರ್ದು ಬರುತ್ತದೆ. ಹೈದರಾಬಾದ್ ನಮಗೆ ಬೆಂಗಳೂರಿಗಿಂತ ಬಹಳ ಹತ್ತಿರ. ಅಲ್ಲಿಯೂ ಪ್ರಯತ್ನಿಸಬಹುದಲ್ಲವೇ?

ತರಬೇತಿಯ ವಿಷಯಕ್ಕೆ ಹೆಚ್ಚು ಹೇಳುವುದಿಲ್ಲ. ಊರಲ್ಲೇ ಸರ್ಕಾರದ ರಂಗಸಂಸ್ಥೆ ರಂಗಾಯಣವಿದೆ. ಒಂದು ವರ್ಷ ಬಿಡುವು ಮಾಡಿಕೊಳ್ಳುವವರಿಗೆ ಹೆಗ್ಗೋಡಿನ ನೀನಾಸಂ ರಂಗಶಾಲೆ ಇದೆ. ಪಾತ್ರ ಕೊಡುತ್ತೇವೆ, ಮೊದಲು ಹಣ ಕಟ್ಟಿ ಎನ್ನುವವರ ಫೋನ್ ಮಾತ್ರ ಕೂಡಲೇ ಇಟ್ಟುಬಿಡಿ.

ನಿಮ್ಮ ವಯಸ್ಸನ್ನು ಬರೆದಿಲ್ಲ. ನಲವತ್ತು ದಾಟಿದ್ದರೆ ಅಳುಕಬೇಡಿ. ಕೆ.ಎಸ್. ಅಶ್ವತ್ಥ್ ಅವರು ರಾಜ್‌ಕುಮಾರ್ ಅವರಿಗಿಂತ ನಾಲ್ಕೇ ವರ್ಷ ಹಿರಿಯರು. ಆದರೂ ತೆರೆಯ ಮೇಲೆ ತಂದೆಯಾಗಿ, ಮೇಷ್ಟ್ರಾಗಿಯೇ ನೆನಪಿನಲ್ಲಿ ಉಳಿದರು. ರಾಜ್ಯ ಸರ್ಕಾರ ಕೊಡುವ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ ಇಂದು ಅವರ ಹೆಸರಿನಲ್ಲಿದೆ. ಆದ್ದರಿಂದ ಮ್ಯಾನೇಜರ್‌ಗಳಿಗೆ ಫೋಟೊ ಕಳುಹಿಸುವಾಗ ನರೆತ ಕೂದಲಿಗೆ ಬಣ್ಣ ಹಚ್ಚಬೇಡಿ. ಅಪ್ಪನ ಪಾತ್ರಕ್ಕೆ ಅವರು ಹುಡುಕುವುದು ಅದನ್ನೇ.