ಮೊದಲು ಪಕ್ಕದ ಮನೆಯ ಬಾವಿ ನೋಡಿ

"ಪಂಚಾಯತ್ ಲೈಸೆನ್ಸ್ ಉಂಟು ಸರ್, ಉದ್ಯಮ್ ನಂಬರೂ ಉಂಟು. ಇನ್ನೆಂತ ಬೇಕು?" ಉಡುಪಿಯ ಹೊರವಲಯದಲ್ಲಿ ಗೇಟು, ಗ್ರಿಲ್ ಮಾಡುವ ಶೆಡ್ಡಿನ ಯಜಮಾನರು ಮಾಲಿನ್ಯ ನಿಯಂತ್ರಣ ಮಂಡಳಿಯ ನೋಟಿಸ್ ಹಿಡಿದುಕೊಂಡು ಬಂದವರು ಕುರ್ಚಿಯಲ್ಲಿ ಕೂರುವ ಮೊದಲೇ ಕೇಳಿದ್ದು ಇದು. ಸಣ್ಣ ಉದ್ದಿಮೆಗಳ ಕಾಗದಪತ್ರ ನೋಡುವ ನನಗೆ ಈ ಪ್ರಶ್ನೆ ಹೊಸತಲ್ಲ.

ಉದ್ಯಮ್ ಅನುಮತಿಯೇ ಅಲ್ಲ. ನಿಮ್ಮದು ಸಣ್ಣ ಉದ್ದಿಮೆ ಎಂದು ನೀವೇ ಹೇಳಿಕೊಂಡು ಮಾಡಿಸಿದ ನೋಂದಣಿ. ಸಾಲಕ್ಕೆ, ಸಬ್ಸಿಡಿಗೆ ಬರುತ್ತದೆ. ಪಂಚಾಯತ್ ಅಥವಾ ಪಾಲಿಕೆಯ ಉದ್ದಿಮೆ ಪರವಾನಗಿ ಇಂಥ ಜಾಗದಲ್ಲಿ ಇಂಥ ಕೆಲಸಕ್ಕೆ ಒಪ್ಪಿಗೆ. ಹೊಗೆ, ಕೊಳೆನೀರಿನ ವಿಷಯ ಬಂದರೆ 1974ರ ಜಲ ಕಾಯ್ದೆ, 1981ರ ವಾಯು ಕಾಯ್ದೆಯಡಿ ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿಯ ಕನ್ಸೆಂಟ್, ಅಂದರೆ ಒಪ್ಪಿಗೆ ಪತ್ರ, ಬೇರೆ ಬೇಕು. ಅದೂ ಎರಡು ಹಂತದಲ್ಲಿ: ಯಂತ್ರ ಕೂರಿಸುವ ಮೊದಲು ಒಂದು, ಉತ್ಪಾದನೆ ಶುರುಮಾಡುವ ಮೊದಲು ಇನ್ನೊಂದು. ಎಷ್ಟು ಮಾಲಿನ್ಯ ಎಂದು ನೋಡಿ ಮಂಡಳಿ ಉದ್ದಿಮೆಗಳನ್ನು ಬಣ್ಣದ ಹೆಸರಿನ ವರ್ಗಗಳಾಗಿ ವಿಂಗಡಿಸುತ್ತದೆ; ತೀರಾ ಕಡಿಮೆ ಮಾಲಿನ್ಯದ ಬಿಳಿ ವರ್ಗದವರಿಗೆ ಇದರಿಂದ ವಿನಾಯಿತಿ.

ಇವರದ್ದು ಮೊದಲು ಕತ್ತರಿಸುವುದು, ವೆಲ್ಡಿಂಗ್ ಅಷ್ಟೇ ಇತ್ತು. ಪರವಾನಗಿಯಲ್ಲಿ ಇರುವುದೂ ಅಷ್ಟೇ. ಆಮೇಲೆ ಪೌಡರ್ ಕೋಟಿಂಗ್ ಸೇರಿತು. "ಪುಡಿ ಸಿಂಪಡಿಸಿ ಓವನ್ನಿಗೆ ಹಾಕುವುದು ಸರ್, ನೀರಿನ ಕೆಲಸವೇ ಇಲ್ಲ" ಎಂದರು. ಹಿಂದಕ್ಕೆ ಹೋಗಿ ನೋಡಿದರೆ ಸಾಲಾಗಿ ಏಳು ತೊಟ್ಟಿ. ಜಿಡ್ಡು ತೆಗೆಯಲು ಒಂದು, ತುಕ್ಕು ತೆಗೆಯುವ ಆಸಿಡ್ಡಿಗೆ ಒಂದು, ಬಣ್ಣ ಕಚ್ಚಿ ಹಿಡಿಯಲು ಮಾಡುವ ಫಾಸ್ಫೇಟಿಂಗಿಗೆ ಒಂದು, ನಡುನಡುವೆ ತೊಳೆಯುವ ನೀರಿನವು. ತೊಳೆದ ನೀರು ಪೈಪಿನಲ್ಲಿ ಸೀದಾ ಹಿತ್ತಲಿನ ಇಂಗುಗುಂಡಿಗೆ. ಆಮ್ಲ ಎಷ್ಟೆಂದು ತೋರಿಸುವ ಪಿಎಚ್ ಪೇಪರ್ ಬ್ಯಾಗಿನಲ್ಲಿತ್ತು, ಅದ್ದಿದೆ. ಹಳದಿ ಪಟ್ಟಿ ನೋಡನೋಡುತ್ತ ಕೆಂಪಾಯಿತು. ಹೋಲಿಸಿದರೆ 3ರ ಆಸುಪಾಸು; 7ಕ್ಕಿಂತ ಕೆಳಗಿಳಿದಷ್ಟೂ ಆಮ್ಲ ಹೆಚ್ಚು. ಹೊರಬಿಡುವ ನೀರು 5.5ರಿಂದ 9ರ ನಡುವೆ ಇರಬೇಕು. ಆ ಏಳು ತೊಟ್ಟಿ ಬಂದ ದಿನವೇ ಇವರ ವರ್ಗ ಬದಲಾಗಿತ್ತು, ಹೊಸದಾಗಿ ಅರ್ಜಿ ಹಾಕಬೇಕಿತ್ತು.

ನಮ್ಮ ಕೆಂಪುಕಲ್ಲು ತೂತು ತೂತು. ಆಟಿ ತಿಂಗಳ (ಜುಲೈ-ಆಗಸ್ಟ್) ಮಳೆ ಹಿಡಿದರೆ ಆ ಗುಂಡಿಗೂ ಪಕ್ಕದ ಬಾವಿಗೂ ನಡುವೆ ಇರುವುದು ಹೆಸರಿಗೊಂದು ಕಂಪೌಂಡ್ ಗೋಡೆ. ಕರಾವಳಿಯಲ್ಲಿ ಮನೆಗೊಂದು ಬಾವಿ. ಹಾಗಾಗಿ ನೋಟಿಸಿನ ಬೆನ್ನು ಹಿಡಿದು ಹೋದರೆ ಸಾಮಾನ್ಯವಾಗಿ ಸಿಗುವುದು ನೆರೆಮನೆಯವರ ದೂರು. ಅಧಿಕಾರಿ ತಾನಾಗಿ ಬಂದದ್ದು ಕಡಿಮೆ.

ಇಲ್ಲಿ ಇನ್ನೊಂದು ತೊಡಕುಂಟು. ಕೆಂಪುಕಲ್ಲಿನ ಬಾವಿ ನೀರು ಎಷ್ಟೋ ಕಡೆ ಹುಟ್ಟಾ ಸ್ವಲ್ಪ ಆಮ್ಲೀಯ. ಕುಡಿಯುವ ನೀರಿನ ಮಾನದಂಡ 6.5ರಿಂದ 8.5. ಯಾವ ಕಾರ್ಖಾನೆಯೂ ಇಲ್ಲದ ಊರಿನ ಬಾವಿಯಲ್ಲೂ 6ಕ್ಕಿಂತ ಕಡಿಮೆ ಬರುವುದುಂಟು. ನಿಮ್ಮ ಶೆಡ್ ಶುರುವಾದ ಮೇಲೆ ಪಕ್ಕದವರು ಪರೀಕ್ಷೆ ಮಾಡಿಸಿ 5.8 ಬಂತೆಂದರೆ, ಅದು ನಿಮ್ಮ ಆಸಿಡ್ಡೋ ಊರಿನ ಕಲ್ಲೋ, ಹೇಗೆ ತೋರಿಸುತ್ತೀರಿ? ವರ್ಷಗಳ ಹಿಂದೆ ಒಬ್ಬರ ಅರ್ಜಿಯಲ್ಲಿ ನಾನೇ ಎಡವಿದ್ದು ಇಲ್ಲಿ. ನಕ್ಷೆ, ಬಾಡಿಗೆ ಕರಾರು, ಭೂ ಪರಿವರ್ತನೆ ಆದೇಶ ಎಲ್ಲ ಜೋಡಿಸಿದ್ದೆ. ಬಾವಿಯ ಮೊದಲಿನ ವರದಿ ಮಾತ್ರ ಇರಲಿಲ್ಲ. ತೊಟ್ಟಿಗಳು ಗಟ್ಟಿಯಾಗಿದ್ದವು ಎಂಬುದು ನನ್ನ ನಂಬಿಕೆ, ಆದರೆ ಕೈಯಲ್ಲಿ ಕಾಗದ ಇಲ್ಲ.

ಗೇಟಿನವರ ಕೆಲಸ ಸರಿಯಾಗಲು ನಾಲ್ಕು ತಿಂಗಳು ಹಿಡಿಯಿತು. ಗುಂಡಿ ಮುಚ್ಚಿಸಿದೆವು. ತೊಟ್ಟಿಗಳನ್ನು ನೆಲದಿಂದ ಎತ್ತರದ ಕಟ್ಟೆಯ ಮೇಲೆ ಕೂರಿಸಿದೆವು, ಸೋರಿದರೆ ಕಣ್ಣಿಗೆ ಬೀಳಲಿ ಎಂದು. ತೊಳೆದ ನೀರಿಗೆ ಸುಣ್ಣ ಹಾಕಿದರೆ ಆಮ್ಲ ಅಡಗಿ ಕಬ್ಬಿಣ, ಸತು ಕೆಸರಾಗಿ ತಳಕ್ಕಿಳಿಯುತ್ತದೆ. ಆ ಕೆಸರನ್ನು ಪಂಚಾಯತಿನ ಕಸದ ಗಾಡಿಗೆ ಕೊಡುವ ಹಾಗಿಲ್ಲ. 2016ರ ನಿಯಮದ ಪ್ರಕಾರ ಅದು ಅಪಾಯಕಾರಿ ತ್ಯಾಜ್ಯ. ಶೆಡ್ಡಿನಲ್ಲಿ 90 ದಿನ ಇಟ್ಟುಕೊಳ್ಳಬಹುದು, ಅಷ್ಟರೊಳಗೆ ಅಧಿಕೃತರಿಗೇ ಒಪ್ಪಿಸಬೇಕು. ಜನರೇಟರಿನದ್ದು ಸುಲಭ: 25 ಕೆವಿಎಯದ್ದಾದರೆ ಹೊಗೆ ಕೊಳವೆ ಕಟ್ಟಡಕ್ಕಿಂತ 1 ಮೀಟರ್ ಎತ್ತರ.

ಈಗ ಯಾರೇ ಬರಲಿ, ಯಂತ್ರದ ಕೊಟೇಶನ್ ಕೇಳುವ ಮೊದಲು ಸುತ್ತಲಿನ ಬಾವಿಗಳ ನೀರು ಮಾನ್ಯತೆ ಇರುವ ಲ್ಯಾಬಿಗೆ ಕಳಿಸುತ್ತೇನೆ, ಮಳೆಗೆ ಮೊದಲೊಮ್ಮೆ, ಮಳೆ ಬಿಟ್ಟ ಮೇಲೊಮ್ಮೆ. ವರದಿಯ ಒಂದು ಪ್ರತಿ ಬಾವಿಯವರಿಗೇ. ಯಾಕೆಂದು ವಿವರಿಸಿದರೆ ಬೇಡವೆನ್ನುವವರು ಕಡಿಮೆ. ಕಳೆದ ಬೇಸಿಗೆಯಲ್ಲಿ ಒಬ್ಬರು ಅಮ್ಮ ನನ್ನ ಬಾಟಲಿ ನೋಡಿ, "ಅದರಲ್ಲಿ ಎಂತ ಸೇದುತ್ತೀರಿ" ಎಂದು ತಾವೇ ಕೊಡಪಾನ ಇಳಿಬಿಟ್ಟರು.